ಹಚ್ಚೆಯವನ ಸ್ನಾನ

"ಗುರುಗಳೇ, ತಾಯಿಯ ಊರಿನಲ್ಲಿ ನನ್ನನ್ನು ತಂದೆಯ ಊರಿನವನು ಎನ್ನುತ್ತಾರೆ. ತಂದೆಯ ಊರಿಗೆ ಹೋದರೆ ತಾಯಿಯ ಕಡೆಯವನು ಎನ್ನುತ್ತಾರೆ. ನಾನು ಎಲ್ಲಿಯವನು?" ಎಂದು ಶಿಷ್ಯ ಕೇಳಿದ.

ಗುರುಗಳು ಹೇಳಿದರು: "ಜಪಾನಿನ ಕತೆಯೊಂದಿದೆ. ನಾನು ಆ ದೇಶ ಕಂಡವನಲ್ಲ. ಆದ್ದರಿಂದ ಧೈರ್ಯವಾಗಿ ಹೇಳುತ್ತೇನೆ."

ಅಮೆರಿಕದಲ್ಲಿ ಒಬ್ಬ ತೋಟಗಾರನಿದ್ದ. ಅವನ ಅಜ್ಜ ಜಪಾನಿನಿಂದ ಹೋಗಿ ಅಲ್ಲಿ ನೆಲೆಸಿದವನು. ಅಮೆರಿಕದವರು ತೋಟಗಾರನ ಮುಖ ನೋಡಿ, "ನಿನ್ನ ದೇಶಕ್ಕೆ ಯಾವಾಗ ಹೋಗುತ್ತೀಯ?" ಎಂದು ಕೇಳುತ್ತಿದ್ದರು. ಕೇಳಿ ಕೇಳಿ ಸಾಕಾಗಿ ಅವನು ಹೊರಟೇಬಿಟ್ಟ. ಜಪಾನಿನ ಜನ ಅವನ ನಡಿಗೆ ನೋಡಿಯೇ, "ಅಮೆರಿಕದವನು ಬಂದ" ಎಂದು ನಕ್ಕರು. ನಗದೆ ಒಳಗೆ ಕರೆದದ್ದು ಒಂದೇ ಮನೆ. ಅದು ಸುಲಿಗೆಕೋರರ ನಾಯಕನದು.

"ಬೆನ್ನಿಗೆ ಹಚ್ಚೆ ಹಾಕಿಸಿಕೋ. ಆಮೇಲೆ ಸ್ನಾನ ಮಾಡಿ ಬಾ. ನನ್ನ ಬಟ್ಟಲಿನಲ್ಲಿ ಮದ್ಯ ಕುಡಿದರೆ ನೀನು ನನ್ನ ಮಗ" ಎಂದ ನಾಯಕ.

ಮಗ ಎಂಬ ಮಾತಿಗೆ ತೋಟಗಾರ ಕರಗಿಹೋದ. ಹಲ್ಲು ಕಚ್ಚಿಕೊಂಡು ಬೆನ್ನು ತುಂಬ ಮೀನು ಬರೆಸಿಕೊಂಡ. ಈಗ ತಾನು ಅಪ್ಪಟ ಜಪಾನಿ ಎಂದುಕೊಂಡು, ಗುಂಪಿನವನೊಬ್ಬನ ಜೊತೆ ಊರಿನ ಸ್ನಾನದ ಮನೆಗೆ ಹೋದ. ಅಲ್ಲಿ ಎಲ್ಲರೂ ಒಂದೇ ತೊಟ್ಟಿಯ ಬಿಸಿನೀರಿನಲ್ಲಿ ಕೂರುವುದು ಪದ್ಧತಿ. ಅವನು ಅಂಗಿ ಕಳಚಿದ್ದೇ ತಡ, ಕಾವಲಿಗೆ ಕುಳಿತಿದ್ದ ಮುದುಕಿ ಎದ್ದು ಬಂದಳು.

"ನಿಲ್ಲಪ್ಪಾ! ಹಚ್ಚೆಯವರಿಗೆ ಇಲ್ಲಿ ನೀರಿಲ್ಲ. ನಮ್ಮೂರಲ್ಲಿ ಅದನ್ನು ಹಾಕಿಸಿಕೊಳ್ಳುವವರು ಪುಂಡರು."

"ಅಜ್ಜೀ, ಜಪಾನಿಯಾಗಬೇಕೆಂದೇ ಹಾಕಿಸಿಕೊಂಡೆ!"

"ಅಯ್ಯೋ ಮಂಕೇ, ಬರೀ ಮೈಯಲ್ಲಿ ಬಂದಿದ್ದರೆ ನಿನ್ನನ್ನು ಯಾರು ಕೇಳುತ್ತಿದ್ದರು? ಪರದೇಶದವರು ಶೋಕಿಗೆ ಬರೆಸಿಕೊಂಡು ಬರುತ್ತಾರೆ, ಪಾಪ, ಅವರನ್ನು ಬಿಡುತ್ತೇನೆ. ನೀನು ಪುಂಡನೋ, ಪರದೇಶದವನೋ?"

ಜೊತೆಗೆ ಬಂದವನು ಕಿವಿಗೊಟ್ಟು ನಿಂತ. ಪರದೇಶದವನು ಎಂದರೆ ಸಿಕ್ಕ ತಂದೆ ಕೈತಪ್ಪುತ್ತಾನೆಂದು ತೋಟಗಾರನಿಗೆ ಗೊತ್ತಿತ್ತು. ಒಳಗೆ ಮುದುಕರಿಬ್ಬರು ಹರಟುತ್ತ ಒಬ್ಬರ ಬೆನ್ನನ್ನೊಬ್ಬರು ಉಜ್ಜಿಕೊಳ್ಳುತ್ತಿದ್ದರು. ಅವನು ಬಹಳ ಹೊತ್ತು ಅವರನ್ನೇ ನೋಡಿದ.

"ಪರದೇಶದವನು, ಅಜ್ಜೀ" ಎಂದ.

ಜೊತೆಯವನು ಓಡಿಹೋಗಿ ಸುದ್ದಿ ಮುಟ್ಟಿಸಿದ. "ಪರದೇಶದವನಿಗೆ ನನ್ನ ಬಟ್ಟಲೇಕೆ?" ಎಂದು ನಾಯಕ ಬಟ್ಟಲನ್ನು ಬೋರಲು ಹಾಕಿದ. ಅಷ್ಟರಲ್ಲಿ ತೋಟಗಾರ ಕುತ್ತಿಗೆಯವರೆಗೆ ನೀರಿನಲ್ಲಿದ್ದ. ಪಕ್ಕದ ಮುದುಕ, "ಒಂಚೂರು ಆಚೆ ಸರಿಯಪ್ಪ" ಎಂದ. ಅವನು ಸರಿದು ಕುಳಿತ.

ಶಿಷ್ಯ ತಡೆಯಲಾರದೆ, "ಕೊನೆಗೆ ಅವನು ಜಪಾನಿಯೋ, ಅಮೆರಿಕದವನೋ, ಗುರುಗಳೇ?" ಎಂದ.

"ತೊಟ್ಟಿಯಲ್ಲಿದ್ದವರು ಯಾರೂ ಅದನ್ನು ಕೇಳಲಿಲ್ಲ, ಕೇಳುತ್ತಿರುವವನು ನೀನೊಬ್ಬನೇ."