ಊರಿಗೊಂದು ಪುಸ್ತಕ ಕಟ್ಟಿದ ಗೋದೂಬಾಯಿ ಅಕ್ಕಾರು

ಬಹಳ ಹಿಂದಿನ ಮಾತು. ಎಷ್ಟು ಹಿಂದಿನದು ಅಂತ ನನ್ನನ್ನು ಕೇಳಬೇಡಿ. ನನಗೆ ಹೇಳಿದ ನಮ್ಮಮ್ಮನಿಗೂ ಗೊತ್ತಿರಲಿಲ್ಲ, ಆಕೆಗೆ ಹೇಳಿದ ಆಕೆಯ ಅತ್ತೆಗೂ ಗೊತ್ತಿರಲಿಲ್ಲ. ಕರಿ ಎರೆಹೊಲದ ನಡುವೆ ಕೆಂಗಲಗುತ್ತಿ ಅಂತ ಒಂದು ಊರು. ಎತ್ತ ನೋಡಿದರೂ ಜೋಳ, ಕಡಲೆ, ಕುಸುಬೆ. ಊರ ನಟ್ಟನಡುವೆ ಕೆಂಪು ಕಲ್ಲಿನ ಮೆಟ್ಟಿಲ ಬಾವಿ. ಆ ಊರಿಗೆ ಒಬ್ಬರು ಅಕ್ಕಾರು ಬಂದರು. ಸಾಲಿ ಕಲಿಸುವ ಹೆಂಗಸರನ್ನು ನಮ್ಮ ಕಡೆ ಅಕ್ಕಾರು ಅನ್ನುತ್ತೇವಲ್ಲ, ಹಾಗೆ. ಅವರ ಹೆಸರು ಗೋದೂಬಾಯಿ.

ಅವರು ಬಂದ ಬಂಡಿ ಎಷ್ಟು ಭಾರ ಇತ್ತೆಂದರೆ, ಹಳ್ಳ ದಾಟುವಾಗ ಆರು ಜೋಡಿ ಎತ್ತು ಕಟ್ಟಿದರೂ ಮೇಲೆ ಬರಲಿಲ್ಲವಂತೆ. ಬಂಡಿ ತುಂಬ ಪುಸ್ತಕವಂತೆ. ಇನ್ನು ಕೆಲವರು, ಅಷ್ಟೇನೂ ಇರಲಿಲ್ಲ, ಒಂದೇ ಟ್ರಂಕು, ಅದರಲ್ಲೂ ಅರ್ಧ ಬಟ್ಟೆ ಅಂತಾರೆ. ಯಾವುದು ಖರೆಯೋ. ಪುಸ್ತಕ ಇದ್ದದ್ದಂತೂ ಖರೆ.

ಆಗ ಕೆಂಗಲಗುತ್ತಿಯಲ್ಲಿ ಹೆಣ್ಣುಮಕ್ಕಳಿಗೆ ಸಾಲಿ ಇರಲಿಲ್ಲ. ಗುಡಿಯ ಪೌಳಿಯಲ್ಲಿ ಅಕ್ಕಾರು ಸಾಲಿ ತೆರೆದರು. ಮೊದಮೊದಲು ಯಾರೂ ಮಕ್ಕಳನ್ನು ಕಳಿಸಲಿಲ್ಲ. ಅಕ್ಕಾರು ಬೇಜಾರು ಮಾಡಿಕೊಳ್ಳಲಿಲ್ಲ. ಹೊಲದಿಂದ ಜನ ಮರಳುವ ಹೊತ್ತಿಗೆ ಪೌಳಿಯ ಕಟ್ಟೆಯ ಮೇಲೆ ಕೂತು ಒಂದು ಪುಸ್ತಕ ತೆರೆದು ಗಟ್ಟಿಯಾಗಿ ಓದತೊಡಗಿದರು. ದೇವರ ಕಥೆ ಅಲ್ಲ, ರಾಜರ ಕಥೆ ಅಲ್ಲ. ಯಾವುದೋ ಊರಲ್ಲಿ ನೇಕಾರರು ಮಗ್ಗಕ್ಕೆ ಕುಳಿತದ್ದು ಹೇಗೆ, ಇನ್ನೆಲ್ಲೋ ಮೊದಲ ಸಾಲಿ ತೆರೆದಾಗ ಜನ ಕಲ್ಲು ಹೊಡೆದದ್ದು ಹೇಗೆ, ಬರಗಾಲದಲ್ಲಿ ಹೊಳೆಯಾಚೆಯ ಜನ ಯಾವ ಸೊಪ್ಪು ತಿಂದು ಬದುಕಿದರು, ಇಂಥವು. ಓದಿ ಮುಗಿಸಿ, "ಇದು ಕಟ್ಟಿದ ಕಥಿ ಅಲ್ರೆವ್ವ, ಆದದ್ದು" ಅನ್ನುತ್ತಿದ್ದರಂತೆ.

ಆದದ್ದು ಅಂದರೆ ಜನಕ್ಕೆ ರುಚಿ. ಇವತ್ತು ನಾಲ್ಕು ಮಂದಿ, ನಾಳೆ ಹತ್ತು ಮಂದಿ, ಆಮೇಲೆ ಪೌಳಿ ಸಾಲದಾಯಿತು. ಕೇಳಿದವರು ತಮ್ಮ ಹೆಣ್ಣುಮಕ್ಕಳನ್ನು ತಾವೇ ಕೈಹಿಡಿದು ತಂದು ಬಿಟ್ಟರು. ಆದರೆ ಊರ ಹೊರಗಿನ ಕೇರಿಯವರು ಗುಡಿಯ ಪೌಳಿ ಹತ್ತುವಂತಿರಲಿಲ್ಲ. ಅವರು ಬೀದಿಯಾಚೆ ನಿಂತು ಕಿವಿಗೊಡುತ್ತಿದ್ದರು, ಅರ್ಧ ಮಾತು ಗಾಳಿಗೆ ಹೋಗುತ್ತಿತ್ತು. ಅದನ್ನು ನೋಡಿದ ಮಾರನೆಯ ದಿನವೇ ಅಕ್ಕಾರು ಚಾಪೆ ಸುತ್ತಿಕೊಂಡು ಬೀದಿಯ ಬೇವಿನ ಮರದ ಕೆಳಗೆ ಬಂದು ಕೂತರು. ಬಿಸಿಲಾಯಿತು, ಧೂಳಾಯಿತು, ಪೌಳಿಗೆ ಬರ್ರಿ ಅಂತ ದೊಡ್ಡವರು ಕರೆದರು. ಅಕ್ಕಾರು ಏಳಲಿಲ್ಲ. ಎಲ್ಲರಿಗೂ ಕೇಳುವ ಜಾಗ ಇದೇ ಅಂದರಂತೆ.

ಒಂದು ದಿನ ಕೇರಿಯ ಮುದುಕಿ ಕರೆವ್ವ ಎದ್ದು ನಿಂತು ಕೇಳಿದಳು.

"ಅಕ್ಕಾರ, ಹೊಳಿಯಾಚಿ ಊರಿಂದು ಓದಿದ್ರಿ, ಪ್ಯಾಟಿದು ಓದಿದ್ರಿ. ನಮ್ಮೂರಿಂದು ಯಾವ ಪುಸ್ತಕದಾಗ ಐತ್ರಿ?"

ಅಕ್ಕಾರು ಇದ್ದಬದ್ದ ಪುಸ್ತಕವನ್ನೆಲ್ಲ ತಿರುವಿ ಹಾಕಿದರಂತೆ. ಕೆಂಗಲಗುತ್ತಿಯ ಹೆಸರು ಎಲ್ಲಿಯೂ ಇಲ್ಲ. ಅವರ ಮುಖ ಸಣ್ಣದಾಯಿತು.

"ಇಲ್ಲಬೇ. ಯಾರೂ ಬರದಿಲ್ಲ."

"ಹಂಗಾರ ನಾವು ಆಗೇ ಇಲ್ಲೇನು?" ಅಂದಳಂತೆ ಕರೆವ್ವ.

ಆ ಮಾತು ಅಕ್ಕಾರ ಎದೆಗೆ ನಾಟಿತು. ಆವತ್ತು ಅವರು ಉಣ್ಣಲಿಲ್ಲ ಅಂತಾರೆ. ಮರುದಿನದಿಂದ ಸಾಲಿ ಬಿಟ್ಟ ಮೇಲೆ ಮನೆಮನೆಗೆ ಹೋಗಲು ಹತ್ತಿದರು. ಕಮ್ಮಾರನ ಕುಲುಮೆಗೆ ಹೋದರು, ಗಾಣಿಗರ ಗಾಣಕ್ಕೆ ಹೋದರು, ಕುರುಬರ ಹಟ್ಟಿಗೆ ಹೋದರು, ಕೇರಿಗೆ ಹೋದರು, ಗೌಡರ ವಾಡೆಗೆ ಹೋದರು. ಈ ಊರಿಗೆ ಮೊದಲು ಬಂದವರು ಯಾರು, ಬೇನೆ ಬಂದಾಗ ಮದ್ದು ಕೊಟ್ಟವರು ಯಾರು, ಮೊದಲು ಅಕ್ಷರ ಕಲಿತವರು ಯಾರು, ಅಂತ ಕೇಳಿದರು. ಹೇಳಿದ್ದನ್ನು ಬರೆದುಕೊಂಡರು. ಬರೆದದ್ದನ್ನು ಹೇಳಿದವರಿಗೇ ಓದಿ ತೋರಿಸಿದರು. ತಪ್ಪಿದ್ದರೆ ಹೊಡೆದು ಹಾಕಿ ಮತ್ತೆ ಬರೆದರು. ತನ್ನ ಅಜ್ಜನ ಹೆಸರು ಕಾಗದದಿಂದ ಎದ್ದು ಬಂದದ್ದು ಕೇಳಿ ಹಟ್ಟಿಯ ಒಬ್ಬ ಮುದುಕ ಎಳೆಗೂಸಿನ ಹಾಗೆ ಅತ್ತನಂತೆ.

ಹೀಗೆ ಕೇಳುತ್ತ ಕೇಳುತ್ತ ಬಾವಿಯ ಮಾತು ಬಂತು. ಬಾವಿ ತೋಡಿಸಿದವರು ನಮ್ಮ ಮುತ್ತಾತ ಅಂತ ನಾಗನಗೌಡರು ಹೇಳಿದರು. ಊರೆಲ್ಲ ಅದನ್ನೇ ಹೇಳಿತು. ಆ ಬಾವಿಯ ಮೆಟ್ಟಿಲನ್ನು ಕೇರಿಯವರು ಇಳಿಯುವಂತಿರಲಿಲ್ಲ. ಅವರು ಹಳ್ಳದ ಉಸುಕಿನಲ್ಲಿ ಒರತೆ ತೆಗೆದು, ಚಿಪ್ಪಿನಿಂದ ತೋಡಿ ತೋಡಿ ಕೊಡ ತುಂಬಿಸಿಕೊಳ್ಳುತ್ತಿದ್ದರು. ಕೇರಿಯಲ್ಲಿ ಕೂತು ಅಕ್ಕಾರು ಬಾವಿಯ ಮಾತು ಎತ್ತಿದಾಗ ಕರೆವ್ವ ಬೀಸುವ ಕಲ್ಲಿನ ಗೂಟ ಹಿಡಿದು ಒಂದು ಹಾಡು ಹೇಳಿದಳು.

ಬರದಾಗ ಬಾಯಾರಿ ಊರೆಲ್ಲ ಕುಂತಾಗ
ದುರಗನ ಗುದ್ದಲಿ ಕೆಳಗಿಳದು | ತಂಗೆವ್ವ
ಸರಸರ ನೀರು ಸೆಲೆಯೊಡದು

ದುರಗ ಅಂದರೆ ಕರೆವ್ವನ ಮುತ್ತಜ್ಜ. ಬರಗಾಲದಲ್ಲಿ ಅವನೂ ಅವನ ಕೇರಿಯ ಗಂಡುಹೆಣ್ಣು ಎಲ್ಲರೂ ಸೇರಿ ಆ ಬಾವಿ ತೋಡಿದರಂತೆ. ಕಲ್ಲುಬಂಡೆ ಉರುಳಿ ದುರಗನ ಹೆಂಡತಿ ನಾಗಿ ಆ ಬಾವಿಯ ತಳದಲ್ಲೇ ಜೀವ ಬಿಟ್ಟಳಂತೆ. ಇದನ್ನು ನೀವು ಇಷ್ಟು ದಿನ ಯಾಕೆ ಹೇಳಲಿಲ್ಲ ಅಂತ ಅಕ್ಕಾರು ಕೇಳಿದರು.

"ನಾವು ದಿನಾ ಬೆಳಗ್ಗೆ ಹೇಳತೇವಲ್ರಿ ಅಕ್ಕಾರ, ಬೀಸುಕಲ್ಲ ಮುಂದ. ಕೇಳವರು ಬರಲಿಲ್ಲ" ಅಂದಳು ಕರೆವ್ವ.

ಅಕ್ಕಾರು ಬರೆದುಕೊಂಡರು. ಆದರೆ ಒಬ್ಬರ ಮಾತು ಹಿಡಿದು ಊರಿನ ಪುಸ್ತಕ ಬರೆಯಬಾರದು ಅಂತ ಅವರ ನೇಮ. ಅದಕ್ಕೇ ಗೌಡರ ವಾಡೆಗೆ ಹೋಗಿ, ಗೌಡರ ತಾಯಿ ಬಂಗಾರೆವ್ವ ಗೌಡಸಾನಿಯ ಹತ್ತಿರ ಕೂತು, ನಿಮ್ಮ ಮನೆಯ ಬೀಸುವ ಹಾಡು ಯಾವುದಮ್ಮ ಅಂತ ಕೇಳಿದರು. ಗೌಡಸಾನಿಗೆ ಆಗಲೇ ಹಲ್ಲು ಬಿದ್ದಿದ್ದವು, ದನಿ ಮಾತ್ರ ಗಟ್ಟಿ. ತನ್ನ ಅತ್ತೆ ಕಲಿಸಿದ್ದನ್ನು ಹಾಡಿದಳು.

ಮೊದಲ ಕೊಡ ತುಂಬ್ಯಾರ ಗೌಡರು ನುಡಿದಾರ
ಇದರಾಗ ಬೆವರು ಹರಿಸಿದ | ಕೇರೀಗೆ
ಮೊದಲ ಕೊಡವೆಂಬ ಮನಿಮಾತ

ಹಾಡುವಾಗ ಆಕೆಗೆ ಅದರ ಅರ್ಥದ ಮೇಲೆ ಗ್ಯಾನ ಇರಲಿಲ್ಲ. ಹಿಟ್ಟಿನ ಜೊತೆ ಬಂದ ಹಾಡು, ಹಿಟ್ಟಿನ ಜೊತೆ ಹೋಗುತ್ತಿತ್ತು, ಅಷ್ಟೇ. ಅಕ್ಕಾರು ಮಾತ್ರ ಒಂದಕ್ಷರ ಬಿಡದೆ ಬರೆದುಕೊಂಡರು.

ಬರೆದದ್ದು ನಾಗನಗೌಡರ ಕಿವಿಗೆ ಬಿತ್ತು. ಗೌಡರು ಕೆಟ್ಟವರಲ್ಲ ಮಕ್ಕಳಿರಾ, ಊರಿಗೆ ಬೇಕಾದವರು. ಆದರೆ ಮುತ್ತಾತನ ಹೆಸರು ಹೋಗುತ್ತದೆಂದರೆ ಯಾರಿಗೆ ಸಂಕಟವಾಗದು? ಅಕ್ಕಾರನ್ನು ಕರೆಸಿ, ಬಾವಿಯ ಮಾತೊಂದು ಬಿಟ್ಟುಬಿಡ್ರಿ, ನಿಮ್ಮ ಸಾಲಿಗೆ ಕಲ್ಲಿನ ಕೋಣೆ ಕಟ್ಟಿಸಿಕೊಡತೀನಿ, ಪುಸ್ತಕಾನೂ ಅಚ್ಚು ಹಾಕಿಸತೀನಿ ಅಂದರು. ಅಕ್ಕಾರಿಗೆ ಕೋಣೆ ಬೇಕಿತ್ತು. ಮಳೆ ಬಂದರೆ ಪೌಳಿ ಸೋರಿ ಮಕ್ಕಳು ನೆನೆಯುತ್ತಿದ್ದರು.

"ಗೌಡರ, ನಿಮ್ಮ ಮುತ್ಯಾನ ಹೆಸರು ತಗೀರಿ ಅಂತ ಯಾರರ ಬಂದಿದ್ರೂ ನಾ ತಗೀತಿರಲಿಲ್ಲ. ಹಂಗ ದುರಗನ ಹೆಸರೂ ತಗಿಯೂದಿಲ್ಲ" ಅಂದು ಕೈಮುಗಿದು ಎದ್ದು ಬಂದರು.

ಮಾರನೆಯ ದಿನದಿಂದ ಸಾಲಿಗೆ ಯಾರೂ ಬರಲಿಲ್ಲ. ಗೌಡರ ಮಾತು ಮೀರಿ ಮಕ್ಕಳನ್ನು ಯಾರು ಕಳಿಸುತ್ತಾರೆ? ಅಕ್ಕಾರು ದಿನಾ ಹೊತ್ತಿಗೆ ಸರಿಯಾಗಿ ಗಂಟೆ ಬಾರಿಸಿದರು, ಖಾಲಿ ಪೌಳಿಯಲ್ಲಿ ಒಬ್ಬರೇ ಕೂತರು, ಹೊತ್ತಿಗೆ ಸರಿಯಾಗಿ ಸಾಲಿ ಬಿಟ್ಟರು. ಬೇವಿನ ಮರದ ಕೆಳಗೆ ಕೇರಿಯವರು ಮಾತ್ರ ಬಂದರು. ಅವರಿಗೆ ಗೌಡರ ಮನೆಯ ಕೂಲಿ ತಪ್ಪಿತು. ಆದರೂ ಬಂದರು.

ಇತ್ತ ವಾಡೆಯಲ್ಲಿ ಬಂಗಾರೆವ್ವ ಗೌಡಸಾನಿ, ಊರು ಯಾಕೆ ಹೀಗೆ ಮುಖ ಗಂಟಿಕ್ಕಿದೆ ಅಂತ ಸೊಸೆಯಂದಿರನ್ನು ಕೇಳಿದಳು. ಅವರು ಅಳುಕುತ್ತ ಅಳುಕುತ್ತ ಹೇಳಿದರು. ಮುದುಕಿ ಅಕ್ಕಾರಿಗೆ ಹೇಳಿಕಳಿಸಿದಳು. ನೀ ಬರೆದದ್ದನ್ನ ನನಗ ಓದಿ ಹೇಳು ತಾಯಿ ಅಂದಳು. ಅಕ್ಕಾರು ಕರೆವ್ವನ ಹಾಡನ್ನು ಓದಿದರು, ಅದರ ಹಿಂದೆಯೇ ಗೌಡಸಾನಿಯ ಹಾಡನ್ನು ಓದಿದರು. ಒಂದರ ಬೆನ್ನಿಗೆ ಒಂದು ಕೇಳಿದಾಗ ಮುದುಕಿಗೆ ತಾನು ಹಾಡಿದ್ದು ಏನೆಂದು ತಿಳಿಯಿತು. ಅದು ಬರೀ ಹಾಡಲ್ಲ, ಆ ಮನೆಯ ಗಂಡಸರು ಕೊಟ್ಟು ಮರೆತ ಮಾತು. ಹೆಂಗಸರು ತಿಳಿಯದೆಯೇ ಅದನ್ನು ಸೊಸೆಯಿಂದ ಸೊಸೆಗೆ ದಾಟಿಸುತ್ತ ಬಂದಿದ್ದರು.

ಗೌಡಸಾನಿ ಎದ್ದಳು. ಎಷ್ಟೋ ವರ್ಷದಿಂದ ವಾಡೆಯ ಹೊಸಿಲು ದಾಟದ ಮುದುಕಿ ಖಾಲಿ ಕೊಡ ಸೊಂಟಕ್ಕಿಟ್ಟು ನಡುಹಗಲಿನಲ್ಲಿ ಬೀದಿಗೆ ಇಳಿದಳು. ಬಾವಿಯ ಬಾಯಿಗೆ ಹೋಗಿ ಅಡ್ಡ ಕೂತಳು. ಮೊದಲ ಕೊಡ ಕೇರಿಯದು, ಅವರು ತುಂಬದೆ ಯಾರೂ ತುಂಬಬಾರದು ಅಂದಳು. ನೀರಿಗೆ ಬಂದ ಹೆಂಗಸರೆಲ್ಲ ಖಾಲಿ ಕೊಡ ಹಿಡಿದು ಆಕೆಯ ಹಿಂದೆ ನಿಂತರು. ಸಾಲು ಊರ ಅಗಸೆಬಾಗಿಲಿಗೆ ಮುಟ್ಟಿತಂತೆ. ಆವತ್ತು ಕೆಂಗಲಗುತ್ತಿಯಲ್ಲಿ ಒಂದು ಒಲೆಯೂ ಹೊತ್ತಲಿಲ್ಲ ಅಂತಾರೆ.

ನಾಗನಗೌಡರು ಓಡಿಬಂದರು. ಏಳವ್ವ, ಮಂದಿ ನೋಡತಾರ ಅಂದರು.

"ನೋಡ್ಲಿ. ಇಷ್ಟು ವರ್ಷ ಹಾಡೀನಿ. ನಾ ಹಾಡಿದ್ದು ಸುಳ್ಳು ಅಂತ ನೀನ ಹೇಳು ಮಗನ, ಏಳತೀನಿ."

ಗೌಡರು ತಲೆಯ ರುಮಾಲು ತೆಗೆದು ಹೆಗಲಿಗೆ ಹಾಕಿಕೊಂಡು ತಾವೇ ಕೇರಿಯ ಕಡೆಗೆ ನಡೆದರು. ಬರ್ರಿ, ನೀರು ತುಂಬಿಕೊಳ್ರಿ ಅಂದರು.

ಕೇರಿಯವರು ಕೂಡಲೇ ಬಂದರೇನು? ಬರಲಿಲ್ಲ. ಕರೆವ್ವ ಅಂಗಳದಲ್ಲಿ ನಿಂತು ಹೇಳಿದಳು: "ನೀವು ಕೊಟ್ಟೀರಿ ಅಂತ ನಾವು ತಗೋಳೂದಿಲ್ರಿ ಗೌಡರ. ತೋಡಿದವರ ಹೆಸರು ಊರ ಮುಂದ ಓದಿಸ್ರಿ. ಆಮ್ಯಾಲೆ ಇಳೀತೀವಿ."

ಹಾಗಾಗಿ ಊರವರೂ ಕೇರಿಯವರೂ ಬಾವಿಯ ಸುತ್ತ ಕೂಡಿದ ಮೇಲೆ ಅಕ್ಕಾರು ಅದರ ಕಟ್ಟೆ ಹತ್ತಿ ನಿಂತರು. ಕೈಯಲ್ಲಿ ಇನ್ನೂ ಅಚ್ಚಾಗದ ಹಾಳೆಗಳು. ದುರಗ ಅಂತ ಓದಿದರು, ನಾಗಿ ಅಂತ ಓದಿದರು, ಅವರ ಜೊತೆ ತೋಡಿದ ಒಬ್ಬೊಬ್ಬರ ಹೆಸರನ್ನೂ ಓದಿದರು. ಒಂದೊಂದು ಹೆಸರಿಗೂ ಕೇರಿಯವರ ನಡುವಿನಿಂದ ಯಾರೋ ಒಬ್ಬರು "ನಮ್ಮವ", "ನಮ್ಮಾಕಿ" ಅಂತ ಓಗೊಟ್ಟರು. ಗೌಡರ ಮುತ್ತಾತ ನೆಲದೊಳಗೆ ಕಾಳು ತುಂಬಿಟ್ಟ ಹಗೇವಿನ ಬಾಯಿ ತೆಗೆದು ತೋಡುವವರಿಗೆ ಅಂಬಲಿ ಎರೆದದ್ದನ್ನೂ, ಮೊದಲ ಕೊಡದ ಮಾತು ಕೊಟ್ಟದ್ದನ್ನೂ ಓದಿದರು. ಯಾರ ಪಾಲಿನದನ್ನೂ ಬಿಡಲಿಲ್ಲ. ಅಕ್ಕಾರ ದನಿ ಆವತ್ತು ಮುಂದಿನ ಊರಿಗೂ ಕೇಳಿಸಿತಂತೆ. ಓದು ಮುಗಿದ ಮೇಲೆ ಕರೆವ್ವ ಮೆಟ್ಟಿಲಿಳಿದು ಕೊಡ ಮುಳುಗಿಸಿದಳು. ಬಾವಿಯ ನೀರು ಒಂದು ಮೆಟ್ಟಿಲು ಮೇಲೆದ್ದು ಆಕೆಯ ಕಾಲು ತೊಳೆಯಿತು ಅಂತಾರೆ. ನಾನು ಕಂಡಿಲ್ಲ. ಅಂತಾರೆ.

ಆಮೇಲೆ ಸಾಲಿ ತುಂಬಿತು. ಕೇರಿಯ ಮಕ್ಕಳೂ ಬಂದು ಎಲ್ಲರ ಜೊತೆ ಕೂತರು. ಪುಸ್ತಕ ಮುಗಿದಾಗ ಪಟ್ಟಣದ ಅಚ್ಚುಕೂಟಕ್ಕೆ ಗೌಡರೇ ಬಂಡಿ ಹೂಡಿದರು. ಹೋಗುವ ಮೊದಲು, ನನ್ನ ಬಗ್ಗೆ ಏನ ಬರದೀರಿ ಅಂತ ಕೇಳಿದರಂತೆ. ಅಕ್ಕಾರು ಓದಿ ತೋರಿಸಿದರು. ಗೌಡರು ಹೆಸರು ತೆಗೆಸಲು ಹೋದದ್ದೂ ಇತ್ತು, ಸಾಲಿ ಬಿಡಿಸಿದ್ದೂ ಇತ್ತು, ರುಮಾಲು ತೆಗೆದು ಕೇರಿಗೆ ನಡೆದದ್ದೂ ಇತ್ತು. ಗೌಡರು ಮೀಸೆ ತಿರುವಿ, "ಇರಲಿ ಬಿಡ್ರಿ. ಆದದ್ದು ಆಗೇತಿ" ಅಂದು ಎತ್ತು ಹೊಡೆದರು.

ಗೋದೂಬಾಯಿ ಅಕ್ಕಾರು ಕಡೆಗೆ ಎಲ್ಲಿ ಹೋದರು? ಬೇರೆ ಊರಿಗೆ ವರ್ಗವಾಗಿ ಹೋದರು ಅಂತ ಕೆಲವರು, ಇಲ್ಲೇ ಮಣ್ಣಾದರು ಅಂತ ಕೆಲವರು. ತಮ್ಮ ಬಗ್ಗೆ ಅವರು ಆ ಪುಸ್ತಕದಲ್ಲಿ ಒಂದು ಸಾಲೂ ಬರೆದುಕೊಳ್ಳಲಿಲ್ಲ. ಅದಕ್ಕೇ ನಾವು ಬಾಯಿಂದ ಬಾಯಿಗೆ ಹೇಳಿಕೊಂಡು ಬಂದಿದ್ದೇವೆ.

ಇವತ್ತಿಗೂ ಕೆಂಗಲಗುತ್ತಿಗೆ ಹೋದರೆ ಮೊದಲು ಬೆಲ್ಲ ಕೊಡುತ್ತಾರೆ, ನೀರು ಕೊಡುತ್ತಾರೆ, ಆಮೇಲೆ ಕೇಳುತ್ತಾರೆ: ನಿಮ್ಮೂರ ಬಾವಿ ತೋಡಿದವರು ಯಾರ್ರಿ? ಹೆಣ್ಣು ನೋಡಲು ಬಂದ ಬೀಗರನ್ನೂ ಬಿಡುವುದಿಲ್ಲ. ಗೊತ್ತಿಲ್ಲ ಅಂದರೆ ಯಾರೂ ನಗುವುದಿಲ್ಲ. ಮನೆಗೆ ಹೋಗಿ ಹಿರಿಯರನ್ನು ಕೇಳಿ ತಿಳಕೊಂಡು ಬರ್ರಿ ಅನ್ನುತ್ತಾರೆ. ಸಾಲಿಯ ಮಕ್ಕಳು ವರ್ಷಕ್ಕೊಮ್ಮೆ ಆ ಪುಸ್ತಕವನ್ನು ಬಾವಿಯ ಕಟ್ಟೆಯ ಮೇಲೆ ಓದುತ್ತಾರೆ. ಓದು ಮುಗಿದ ಮೇಲೆ ಕೇರಿಯ ಹಿರಿಯಳು ಮೊದಲ ಕೊಡ ತುಂಬುತ್ತಾಳೆ. ಆ ನೀರು ಕೈಗೆ ಬಂದಾಗ ಎಲ್ಲರೂ ಒಂದು ಮಾತು ಹೇಳಿ ಕುಡಿಯುತ್ತಾರೆ.

"ತೋಡಿದವರ ಹೊಟ್ಟಿ ತಣ್ಣಗಿರಲಿ. ಕೇಳಿ ಬರದಾಕಿ ಹೊಟ್ಟೀನೂ ತಣ್ಣಗಿರಲಿ."