ಗೆದ್ದಲು ಕೂತ ಸಿಂಹಾಸನ

ಓಬಳರಸನಿಗೆ ಒಂದು ಸಿಂಹಾಸನವಿತ್ತು. ಅದರ ಮೇಲೆ ಅವನು ಒಂದು ದಿನವೂ ಕೂತಿರಲಿಲ್ಲ.

"ಕೂತರೆ ಸವೆಯುತ್ತದೆ" ಅನ್ನುತ್ತಿದ್ದ.

ಹಲಸಿನ ದಿಮ್ಮಿಯಿಂದ ಅದನ್ನು ಮಾಡಿಕೊಟ್ಟ ಬಡಗಿ ಮೋನಪ್ಪಾಚಾರಿ ಅವತ್ತೇ ಹೇಳಿದ್ದ: "ಬುದ್ಧೀ, ಹುಳ ಹತ್ತದಂತೆ ವರ್ಷಕ್ಕೊಮ್ಮೆ ಗೇರೆಣ್ಣೆ ಬಳಿಸಿ. ಗಾಳಿ ಬೆಳಕು ಆಡಲಿ. ದಿನಾ ಕೂತು ಏಳಿ. ನಿಮ್ಮ ಮೊಮ್ಮಗನ ಕಾಲಕ್ಕೂ ಅಲ್ಲಾಡುವುದಿಲ್ಲ."

ಅರಸನ ಕಿವಿಗೆ ಬಿದ್ದದ್ದು ಕೊನೆಯ ಮಾತು ಮಾತ್ರ. ಕೊಳ್ಳುವವರ ಕಿವಿಯೇ ಹಾಗೆ.

ಗೇರೆಣ್ಣೆ ನಾರುತ್ತದೆಂದು ಬೇಡವೆಂದ. ಬಿಸಿಲಿಗೆ ಬಣ್ಣ ಮಾಸೀತೆಂದು ಕಿಟಕಿ ಮುಚ್ಚಿಸಿದ. ಮೂರು ಸುತ್ತು ರೇಷ್ಮೆ ಹೊದಿಸಿದ. ತೇವ ತಾಗೀತೆಂದು ಆಸ್ಥಾನದಲ್ಲಿ ಸೀನುವುದನ್ನೇ ನಿಷೇಧಿಸಿದ. ಸೀನು ಬಂದವರು ಕೆರೆ ಏರಿಯವರೆಗೆ ಓಡಿ, ಸೀನಿ, ವಾಪಸ್ಸು ಬರಬೇಕು. ತಾನು ಸಿಂಹಾಸನದ ಪಕ್ಕ ಚಾಪೆ ಹಾಸಿಕೊಂಡು ರಾಜ್ಯವಾಳುತ್ತಿದ್ದ. ಹೊಸಬರು ರೇಷ್ಮೆಗೆ ಅಡ್ಡಬಿದ್ದು, "ಅರಸರು ಯಾವಾಗ ಬರುತ್ತಾರಪ್ಪ?" ಅಂತ ಅರಸನನ್ನೇ ಕೇಳುತ್ತಿದ್ದರು.

ಆ ಚಾಪೆಯ ಮೇಲೆ ಕೂತೇ ಅವನು ಒಂದು ಕಾನೂನು ಮಾಡಿದ್ದ. ಊರ ತುಂಬ ಪಾಳು ಮನೆಗಳು, ಒಡೆಯರು ಬಳಸುವುದಿಲ್ಲ, ಬಿಡುವುದೂ ಇಲ್ಲ. ಆದ್ದರಿಂದ, 'ಒಡೆಯ ಹನ್ನೆರಡು ವರ್ಷ ಬಳಸದೆ ಬಿಟ್ಟದ್ದು, ಅಲ್ಲಿ ಒಕ್ಕಲಾದವರದು.' ಅದನ್ನು ಕಲ್ಲಿನಲ್ಲಿ ಕೆತ್ತಿಸಿ ಅರಮನೆ ಬಾಗಿಲಲ್ಲಿ ನಿಲ್ಲಿಸಿದ್ದ. ಮರದಲ್ಲಿ ಕೆತ್ತಿಸದಿದ್ದದ್ದು ಊರವರ ಪುಣ್ಯ.

ಸಿಂಹಾಸನ ಬಂದು ಹದಿಮೂರು ವರ್ಷವಾದಾಗ ಪಕ್ಕದ ಸೀಮೆಯ ಅರಸ ಬಂದ. ರೇಷ್ಮೆಯ ಗಂಟನ್ನು ನೋಡಿ, "ಇದೇನು, ಬಾಣಂತಿಯೇ?" ಎಂದ.

ಓಬಳರಸನಿಗೆ ರೋಷ ಬಂತು. "ಮರ ಕಾಪಾಡುವುದನ್ನು ನನ್ನಿಂದ ಕಲಿಯಬೇಕು! ನೋಡಿ, ಬಂದ ದಿನ ಹೇಗಿತ್ತೋ ಹಾಗೇ ಇದೆ!" ಅಂತ ರೇಷ್ಮೆ ಎಳೆದ. ನಿಜ, ಹೊಳೆಯುತ್ತಿತ್ತು. ಹುರುಪಿನಲ್ಲಿ ಮೊದಲ ಸಲ ಕೂತೇಬಿಟ್ಟ.

ಸದ್ದೇ ಆಗಲಿಲ್ಲ. ಮರ ಮುರಿದಿದ್ದರೆ ಸದ್ದಾಗುತ್ತಿತ್ತು. ಒಳಗೆ ಮರವೇ ಇರಲಿಲ್ಲ. ಹೊಳಪಿನ ಸಿಪ್ಪೆಯೊಂದು ಉಳಿದಿತ್ತು, ಅದೂ ಹೋಯಿತು. ಅರಸ ಸೊಂಟದವರೆಗೆ ಪುಡಿಯಲ್ಲಿ ಹೂತುಹೋದ.

ಪಕ್ಕದ ಅರಸ ಒಂದು ಚಿಟಿಕೆ ಎತ್ತಿ ಉಜ್ಜಿ ನೋಡಿದ. "ನುಣ್ಣಗಿದೆ. ಯಾವ ಬೀಸುವ ಕಲ್ಲು?"

ಅತಿಥಿ ಹೊರಟದ್ದೇ ತಡ, ಓಬಳರಸ ಮೋನಪ್ಪಾಚಾರಿಯನ್ನು ಎಳೆತರಿಸಿದ. "ಮೊಮ್ಮಗನ ಕಾಲ ಅಂದೆ! ನನ್ನ ಮಗನಿಗೇ ಇನ್ನೂ ಮದುವೆಯಾಗಿಲ್ಲ! ಈ ಮೋಸಗಾರನ ಬಲಗೈ ಕಡಿಯಿರಿ!"

"ಬುದ್ಧೀ, ಈ ಕೈಯೇ ನನ್ನ ಹೊಲ, ಈ ಕೈಯೇ ನನ್ನ ಮನೆ..." ಬಡಗಿ ಬಲಗೈಯನ್ನು ಕಂಕುಳಲ್ಲಿ ಅಡಗಿಸಿಕೊಂಡ.

ಉಗ್ರಾಣದ ಸೂರಪ್ಪ ಎದ್ದು ನಿಂತ. ಅರಮನೆಗೆ ಬರುವ ಒಂದೊಂದು ಕೊಬ್ಬರಿಯನ್ನೂ ಅಲ್ಲಾಡಿಸಿ ನೋಡುವ ಆಸಾಮಿ. ಅವನು ಅಡುಗೆಮನೆಯ ಕಡೆ ಕೂಗಿದ: "ಮಾಚಕ್ಕಾ, ನಿನ್ನ ತುರಿಮಣೆ ತಾ!"

"ಕಾಯಿ ಅರ್ಧ ತುರಿದಿದ್ದೀನಿ ಕಣಪ್ಪಾ!"

"ಅರ್ಧ ಕಾಯಿ ಸಮೇತ ತಾ!"

ಬೈದುಕೊಳ್ಳುತ್ತಲೇ ಮಾಚಕ್ಕ ತಂದಿಟ್ಟಳು. ಸೂರಪ್ಪ ಅದಕ್ಕೆ ಬೆರಳ ಗೆಣ್ಣಿನಿಂದ ಬಡಿದ. ಟಣ್ ಎಂದಿತು.

"ಪ್ರಭೂ, ಸಿಂಹಾಸನ ಮಾಡಿ ಉಳಿದ ತುಂಡಿನಲ್ಲಿ ಮಾಡಿದ್ದು ಇದು. ಅದೇ ಮರ, ಅದೇ ಕೈ. ಮಾಚಕ್ಕ ದಿನಕ್ಕೆ ನಾಲ್ಕು ಸಲ ಕೂರುತ್ತಾಳೆ, ಒರೆಸುತ್ತಾಳೆ, ಬಿಸಿಲಿಗೆ ಒರಗಿಸುತ್ತಾಳೆ. ಗೆದ್ದಲಿಗೆ ಗೂಡು ಕಟ್ಟಲು ಪುರಸೊತ್ತೇ ಸಿಕ್ಕಿಲ್ಲ."

"ಹಾಗಾದರೆ ತಪ್ಪು ನನ್ನದು ಅನ್ನುತ್ತೀಯಾ?" ಅರಸನ ಹುಬ್ಬು ಮೇಲೇರಿತು.

"ಶಿವ ಶಿವಾ! ಅರಸರ ತಪ್ಪು ಎಂದವನ ನಾಲಗೆ ಬಿದ್ದುಹೋಗಲಿ. ನನಗೊಂದು ಸಣ್ಣ ಅನುಮಾನ, ಅಷ್ಟೆ. ಬಾಗಿಲ ಕಲ್ಲಿನ ಮೇಲೆ ಏನು ಕೆತ್ತಿಸಿದ್ದೀರಿ? ಮರೆತೇ ಹೋಯಿತು."

ಅರಸನಿಗೆ ಆ ಕಾನೂನೆಂದರೆ ಪ್ರಾಣ. ಪುಡಿ ಕೊಡವಿಕೊಂಡು ಗಂಭೀರವಾಗಿ ಹೇಳಿದ: "ಒಡೆಯ ಹನ್ನೆರಡು ವರ್ಷ ಬಳಸದೆ ಬಿಟ್ಟದ್ದು, ಅಲ್ಲಿ ಒಕ್ಕಲಾದವರದು!"

"ಬಡವರಿಗೆ ಮಾತ್ರವೋ, ದೊಡ್ಡವರಿಗೂ ಉಂಟೋ?"

"ನನಗೂ ಉಂಟು! ಅದನ್ನು ಮೀರಿದರೆ ನಾನು ಅರಸನೇ ಅಲ್ಲ!"

"ಸಿಂಹಾಸನ ಬಂದು ಎಷ್ಟು ವರ್ಷವಾಯಿತು, ಪ್ರಭೂ?"

"ಹದಿಮೂರು."

"ತಾವು ಕೂತದ್ದು?"

"ಇವತ್ತೇ..."

"ಅಂದರೆ ಹೋದ ವರ್ಷವೇ ಅದು ಗೆದ್ದಲುಗಳ ಆಸ್ತಿಯಾಯಿತು. ಇವತ್ತು ತಾವು ಪರರ ಮನೆಗೆ ನುಗ್ಗಿ, ಒಕ್ಕಲಿನ ಮೇಲೆ ಕೂತು, ಮನೆ ಕೆಡವಿದ್ದೀರಿ. ಇರಲಿ, ಅವು ದೊಡ್ಡ ಮನಸ್ಸು ಮಾಡಿ ಬಿಟ್ಟಾವು. ಆದರೆ ಮರ ಸರಿಯಿಲ್ಲ ಎಂದು ಬಡಗಿಯ ಮೇಲೆ ದೂರು ಕೊಡುವುದಿದ್ದರೆ ಈಗಿನ ಒಡೆಯರು ಕೊಡಬೇಕು." ಸೂರಪ್ಪ ಬಗ್ಗಿ, ಪುಡಿಯ ರಾಶಿಗೆ ಕಿವಿಯಿಟ್ಟು ಆಲಿಸಿ, ನೆಟ್ಟಗೆ ನಿಂತ. "ಕೇಳಿದೆ, ಪ್ರಭೂ. ಹದಿಮೂರು ವರ್ಷ ಉಂಡ ಗಿರಾಕಿಗಳು. ಮರ ಬಹಳ ಚೆನ್ನಾಗಿತ್ತಂತೆ. ಒಂದೇ ಒಂದು ದೂರಿಲ್ಲ."

ಅರಸ ಸೂರಪ್ಪನನ್ನು ನೋಡಿದ, ಪುಡಿಯನ್ನು ನೋಡಿದ, ಬಾಗಿಲ ಕಲ್ಲನ್ನು ನೋಡಿದ. ಆಮೇಲೆ ನಕ್ಕ. ನಕ್ಕ ರಭಸಕ್ಕೆ ಗಡ್ಡದ ಪುಡಿ ಹಾರಿ ಮೂಗಿಗೆ ಹೋಯಿತು. "ಆಕ್ಷೀ!"

ಹದಿಮೂರು ವರ್ಷಗಳಲ್ಲಿ ಆ ಆಸ್ಥಾನದ ಮೊದಲ ಸೀನು. ಕೆರೆ ಏರಿಗೆ ಓಡು ಎಂದು ಹೇಳುವ ಧೈರ್ಯ ಯಾರಿಗೂ ಬರಲಿಲ್ಲ.

"ಬಡಗಿಯ ಕೈ ಬಿಡಿ. ಆ ಮೂರು ಸುತ್ತು ರೇಷ್ಮೆ ಅವನಿಗೆ, ನನ್ನ ಬೆರಳಿನ ಉಂಗುರ ಸೂರಪ್ಪನಿಗೆ. ಮೋನಪ್ಪಾಚಾರೀ, ಇನ್ನೊಂದು ಮಾಡು. ನಾರಿದರೆ ನಾರಲಿ, ಗೇರೆಣ್ಣೆ ಬಳಿ. ದಿನಾ ಕೂರುತ್ತೇನೆ!" ಎನ್ನುತ್ತ ಅರಸ, ಅಲ್ಲಿಯವರೆಗೆ ಚಾಪೆಯೂ ಬೇಡವೆಂದು, ತುರಿಮಣೆಯ ಮೇಲೆ ಗಟ್ಟಿಯಾಗಿ ಕೂತ. ಮುಂದಿನ ಹಲ್ಲಿನ ಅಲಗು ತಾಗದಂತೆ ಮೊಣಕಾಲುಗಳನ್ನು ಜೋಪಾನವಾಗಿ ಅಗಲಿಸಿದ.

ಮಾಚಕ್ಕ ಅರ್ಧ ಕಾಯಿ ಹಿಡಿದುಕೊಂಡು ನಿಂತೇ ಇದ್ದಳು.

"ಕೂತುಕೊಳ್ಳಿ ಬುದ್ಧೀ, ಬೇಡ ಅನ್ನೋದಿಲ್ಲ. ಹನ್ನೆರಡು ವರ್ಷ ತುಂಬೋದರೊಳಗೆ ಮಾತ್ರ ಎದ್ದುಬಿಡಿ."