ಬೀಳುವ ಚಿತ್ರ

ಅದೊಂದು ಹಳೆಯ ಆನಿಮೆ, ಅಂದರೆ ಜಪಾನಿ ಕಾರ್ಟೂನ್ ಶೈಲಿಯ, ಕಾಳಗದ ವಿಡಿಯೋ ಗೇಮ್. ಮಾಡಿದ ಕಂಪನಿ ಅದನ್ನು ಎಂದೋ ಕೈಬಿಟ್ಟಿತ್ತು. ಆಡುವವರು ಬಿಡಲಿಲ್ಲ. ತಾವೇ ಹೊಸ ವೀರರನ್ನು ಬರೆದು ಅದರೊಳಗೆ ಸೇರಿಸುತ್ತಿದ್ದರು. ಹೀಗೆ ಸೇರಿಸಿದ್ದಕ್ಕೆ ಮಾಡ್ ಎಂದು ಹೆಸರು. ವೀರನ ಒಂದೊಂದು ಚಲನೆಗೂ ಸಾಲು ಸಾಲು ಚಿತ್ರ ಬರೆಯಬೇಕು.

ಈ ವಿದ್ಯೆಗೆ ಫಕೀರಪ್ಪಜ್ಜ ಗುರು. ವರದಾ ಹೊಳೆಯ ದಂಡೆಯ ಮೇಲೆ ಅವನ ಮನೆ.

ಶಿಷ್ಯ ಮಧುಕೇಶ ಮೂರು ವರ್ಷ ದುಡಿದು ಒಬ್ಬ ವೀರನನ್ನು ಬರೆದ. ಕಂಪ್ಯೂಟರನ್ನು ಗುರುವಿನ ಮುಂದಿಟ್ಟ. ನಿದ್ದೆಗೆಟ್ಟ ಶಿಷ್ಯನ ಕಣ್ಣುಗಳು ಕೆಂಪಾಗಿದ್ದವು.

"ಅಪ್ಪಣೆ ಕೊಡ್ರಿ ಅಜ್ಜಾರ. ನಾಳೆ ಆಡೋರ ಕೈಗೆ ಬಿಡ್ತೀನಿ."

"ಎಷ್ಟು ಚಿತ್ರ?"

"ಮುನ್ನೂರಾ ಹನ್ನೆರಡು. ಹೊಡಿಯೋದು, ಒದಿಯೋದು, ಹಾರೋದು, ಬೆಂಕಿ ಉಗುಳೋದು."

"ಬೀಳೋದು?"

"ಬರ್ದಿಲ್ರಿ. ಇವ ಬೀಳೋ ಗಂಡಲ್ಲ."

ಅಜ್ಜ ಆಟ ತೆರೆದ. ಅದರ ಹಳೆಯ ವೀರರಲ್ಲಿ ಅತಿ ದುರ್ಬಲನನ್ನು ಆರಿಸಿಕೊಂಡ. ಸೌಟು ಹಿಡಿದ ಅಡುಗೆಯವ.

ಮಧುಕೇಶ ತನ್ನ ವೀರನನ್ನು ಆಡಿಸಿದ. ಅಜ್ಜ ಹನ್ನೊಂದು ಸಲ ಸೋತ. ಹನ್ನೆರಡನೆಯ ಸಲ ಸೌಟು ತಾಗಿತು.

ಹೊಸ ವೀರ ಮಾಯವಾದ. ಪೆಟ್ಟು ತಿಂದವನನ್ನು ತೋರಿಸಲು ಚಿತ್ರವೇ ಇರಲಿಲ್ಲ. ಪರದೆಯ ಮೇಲೆ ಅಡುಗೆಯವನೊಬ್ಬನೇ ನಿಂತಿದ್ದ.

"ಎಲ್ಲಿ ಹೋತೋ ನಿನ್ನ ಹುಲಿ?"

ಮಧುಕೇಶ ತಲೆ ಹಿಡಿದು ಕೂತ.

"ಬೀಳಾಕ ಎಷ್ಟು ಚಿತ್ರ ಬೇಕ್ರಿ?"

"ಮುಖದ ಪೆಟ್ಟು ಬ್ಯಾರೆ. ಹೊಟ್ಟಿದು ಬ್ಯಾರೆ. ಹಿಂದಕ್ಕ ಬೀಳೋದು ಬ್ಯಾರೆ. ನೂರಾದ್ರೂ ಬೇಕು."

"ಅಂದ್ರ ಇನ್ನೊಂದು ವರ್ಷ. ನನ್ನ ಕೈಲಿ ಆಗಂಗಿಲ್ಲ ಅಜ್ಜಾರ. ಸಾಕಾಗೇತಿ. ಎಲ್ಲಾ ಅಳಿಸಿ ಊರಿಗೆ ಹೋಗ್ತೀನಿ."

"ಹೋಗು."

ಮಧುಕೇಶ ಏಳಲಿಲ್ಲ.

"ಬೀಳೋದು ಹ್ಯಾಂಗಿರ್ತೈತಿ ಅಂತನೂ ನನಗ ಗೊತ್ತಿಲ್ರಿ. ನೆಟ್ಟಗ ನೋಡೇ ಇಲ್ಲ."

ಅಜ್ಜ ಗೋಡೆ ಹಿಡಿದು ಎದ್ದ. ಎಪ್ಪತ್ತೆರಡು ವರ್ಷದ ಮೊಣಕಾಲು. ಮೆಲ್ಲಗೆ ಹೊಳೆಯ ಉಸುಕಿಗೆ ಇಳಿದ. ಶಿಷ್ಯ ಹಿಂದೆಯೇ ಹೋದ.

ಅಜ್ಜ ಅವನ ಕಡೆ ಮುಖ ಮಾಡಿ ನಿಂತ. ಹಿಂದಕ್ಕೆ ದೊಪ್ಪನೆ ಬಿದ್ದ.

"ಅಜ್ಜಾರ!"

"ಒದರಬ್ಯಾಡ. ಮೊದಲು ಏನು ಹೋತು? ಕಾಲೋ, ಸೊಂಟೋ?"

"ಸೊಂಟ್ರಿ."

"ಕೈ?"

"ಆಮ್ಯಾಲೆ. ಏನೋ ಹಿಡಿಯಾಕ ಹೋದಂಗ."

"ಬರಿ."

ಮಧುಕೇಶ ಹಾಳೆ ತಂದ. ಉಸುಕಿನಲ್ಲಿ ಕೂತು ಬರೆದ. ಅಳಿಸಿದ, ಮತ್ತೆ ಬರೆದ. ಅಜ್ಜ ಬಿದ್ದಲ್ಲೇ ಬಿದ್ದಿದ್ದ. ನೋವಿಗೆ ಒಮ್ಮೆ ನರಳಿದ.

ಬರೆದು ಮುಗಿಯಿತು. ಮಧುಕೇಶ ಬಾಗಿ ಕೈ ಚಾಚಿದ.

"ಕೈ ಕೊಡಬ್ಯಾಡ. ಹಾಳಿ ಹಿಡಿ. ಏಳೋದಕ್ಕ ಹದಿನಾರು ಚಿತ್ರ."